ಹೀಟಿಂಗ್ ಖರ್ಚಿಗೆ ಲೈಹೀಪ್ ಅರ್ಜಿ: ಗ್ರೀನ್ ಕಾರ್ಡ್ ಇರುವವರು ಹಾಕಬಹುದಾ?

ಮಲೆನಾಡಿನ_ಮಗಳು

ಎಲ್ಲರಿಗೂ ನಮಸ್ಕಾರ. ನಾವಿರುವುದು ಮ್ಯಾಸಚೂಸೆಟ್ಸ್‌ನ ವೂಸ್ಟರ್ ಕಡೆ. ನಮ್ಮ ಯಜಮಾನರ ಕೆಲಸ ಅಕ್ಟೋಬರ್‌ನಲ್ಲಿ ಹೋಯಿತು. ನಾನು ಡೇ ಕೇರ್‌ನಲ್ಲಿ ಪಾರ್ಟ್ ಟೈಮ್. ಮನೆಯಲ್ಲಿ ನಾವಿಬ್ಬರು, ಇಲ್ಲೇ ಹುಟ್ಟಿದ ಇಬ್ಬರು ಮಕ್ಕಳು, ಚಿಕ್ಕವನಿಗೆ ಇನ್ನೂ ನಾಲ್ಕು, ಜೊತೆಗೆ ಅತ್ತೆ. ನಮಗಿಬ್ಬರಿಗೂ ಗ್ರೀನ್ ಕಾರ್ಡ್ ಬಂದು ಎರಡು ವರ್ಷ. ಅತ್ತೆಯವರ ಗ್ರೀನ್ ಕಾರ್ಡ್‌ಗೆ ಸ್ಪಾನ್ಸರ್ ಮಾಡಿದ್ದು ಭಾವ, ಅವರು ಸಿಟಿಜನ್, ಟೆಕ್ಸಸ್‌ನಲ್ಲಿದ್ದಾರೆ.

ಮನೆ ಹಳೇದು. ಬೇಸ್‌ಮೆಂಟ್‌ನಲ್ಲಿ 275 ಗ್ಯಾಲನ್ ಆಯಿಲ್ ಟ್ಯಾಂಕ್. ಈ ಚಳಿಗೆ ಮುಳ್ಳು ದಿನದಿನಕ್ಕೂ ಕೆಳಗೆ ಇಳಿಯುತ್ತಿದೆ. ಕೆಲಸದಲ್ಲಿರುವ ಗೆಳತಿ ಒಬ್ಬಳು ಫ್ಯೂಯೆಲ್ ಅಸಿಸ್ಟೆನ್ಸ್ ಅಂತ ಇದೆ, ಅರ್ಜಿ ಹಾಕು ಅಂದಳು. ನನ್ನ ಪ್ರಶ್ನೆಗಳು: ಗ್ರೀನ್ ಕಾರ್ಡ್ ಇದ್ದರೆ ಸಾಕಾ, ಸಿಟಿಜನ್ ಆಗಿರಬೇಕಾ? ಮುಂದೆ ಸಿಟಿಜನ್‌ಶಿಪ್‌ಗೆ ಅಡ್ಡ ಬರುತ್ತದಾ? ಅತ್ತೆಯವರ ಹೆಸರು ಬರೆದರೆ ಭಾವನ ತಲೆ ಮೇಲೆ ಏನಾದರೂ ಬರುತ್ತದಾ? ಸ್ವಂತ ಮನೆ ಇದ್ದವರಿಗೆ ಕೊಡುತ್ತಾರಾ? ಯಾರಾದರೂ ಹಾಕಿದ್ದರೆ ದಯವಿಟ್ಟು ಹೇಳಿ.

ಬೆಣ್ಣೆದೋಸೆ_ಬಾಸ್ಟನ್

ಮೊದಲ ಮಾತು, ಇವತ್ತೇ ಹಾಕಿ ಅಕ್ಕ. ಈ ಥ್ರೆಡ್ ಪೂರ್ತಿ ಓದಿ ಆಮೇಲೆ ನೋಡೋಣ ಅಂತ ಬಿಡಬೇಡಿ.

ಮ್ಯಾಸಚೂಸೆಟ್ಸ್‌ನಲ್ಲಿ ಸೀಸನ್ ನವೆಂಬರ್ 1ರಿಂದ ಏಪ್ರಿಲ್ 30ರವರೆಗೆ. ಇದರ ಮೂಲ ಲೈಹೀಪ್ ಅನ್ನುವ ಫೆಡರಲ್ ಯೋಜನೆ, 1981ರ ಕಾನೂನಿನದು. ದುಡ್ಡು ಕೇಂದ್ರದ್ದು, ನಿಯಮ ಬಹುಪಾಲು ರಾಜ್ಯದ್ದು, ಅರ್ಜಿ ತೆಗೆದುಕೊಳ್ಳುವುದು ನಿಮ್ಮ ಊರಿನ ಕಮ್ಯೂನಿಟಿ ಆಕ್ಷನ್ ಏಜೆನ್ಸಿ. ಯಾವ ಏಜೆನ್ಸಿ ಅಂತ ಗೊತ್ತಿಲ್ಲದಿದ್ದರೆ 211ಕ್ಕೆ ಫೋನ್ ಮಾಡಿ, ಪಿನ್ ಕೋಡ್ ಹೇಳಿದರೆ ಹೇಳುತ್ತಾರೆ. ಆನ್‌ಲೈನ್‌ನಲ್ಲೂ ಹಾಕಬಹುದು.

ಸ್ವಂತ ಮನೆ ಇದ್ದರೂ ಕೊಡುತ್ತಾರೆ, ಬಾಡಿಗೆ ಮನೆಗೂ ಕೊಡುತ್ತಾರೆ, ಬಾಡಿಗೆಯಲ್ಲೇ ಹೀಟಿಂಗ್ ಸೇರಿದ್ದರೂ ಕೇಳಿ ನೋಡಬಹುದು. ಆದಾಯದ ಮಿತಿ ಇಲ್ಲಿ ರಾಜ್ಯದ ಮೀಡಿಯನ್ ಆದಾಯದ, ಅಂದರೆ ಅರ್ಧ ಮನೆಗಳು ಮೇಲೆ, ಅರ್ಧ ಕೆಳಗೆ ಇರುವ ನಡುವಿನ ಆದಾಯದ, 60 ಪರ್ಸೆಂಟ್. ನಾಲ್ಕು ಜನರ ಮನೆಗೆ ಅದು ವರ್ಷಕ್ಕೆ 90 ಸಾವಿರ ಡಾಲರ್ ದಾಟುತ್ತದೆ, ಐದು ಜನಕ್ಕೆ ಇನ್ನೂ ಜಾಸ್ತಿ. ನಮ್ಮವರು ಬಹಳ ಜನ "ಇದು ತೀರಾ ಬಡವರಿಗೆ" ಅಂದುಕೊಂಡು ಲೆಕ್ಕ ಹಾಕಲಿಕ್ಕೂ ಹೋಗುವುದಿಲ್ಲ. ನೋಡುವುದು ಗ್ರಾಸ್ ಆದಾಯ, ಕೈಗೆ ಬರುವ ಸಂಬಳ ಅಲ್ಲ. ಅನ್‌ಎಂಪ್ಲಾಯ್‌ಮೆಂಟ್ ದುಡ್ಡನ್ನೂ ಸೇರಿಸಬೇಕು.

ಆಯಿಲ್ ಮನೆಯವರಿಗೆ ಒಂದು ಮುಖ್ಯ ವಿಷಯ. ದುಡ್ಡು ನಿಮ್ಮ ಕೈಗೆ ಬರುವುದಿಲ್ಲ. ಏಜೆನ್ಸಿ ನೇರವಾಗಿ ಡೀಲರ್‌ಗೆ ಕೊಡುತ್ತದೆ. ಹಾಗಾಗಿ ನಿಮ್ಮ ಡೀಲರ್ ಅವರ ಪಟ್ಟಿಯಲ್ಲಿ ಇದ್ದಾರಾ ಅಂತ ಈಗಲೇ ಕೇಳಿ. ಇಲ್ಲದಿದ್ದರೆ ಅರ್ಜಿ ಪಾಸಾದ ಮೇಲೆ ಡೀಲರ್ ಬದಲಿಸುವ ಗಡಿಬಿಡಿ, ಅದೂ ಚಳಿಯಲ್ಲಿ.

ಸುಮ್ನೆ_ಓದುವವನು

ಬೇಜಾರು ಮಾಡಿಕೊಳ್ಳಬೇಡಿ ಮೇಡಂ, ಆದರೆ ಗ್ರೀನ್ ಕಾರ್ಡ್ ಬಂದು ಐದು ವರ್ಷ ಆಗದೆ ಸರ್ಕಾರದ ಯಾವ ಸಹಾಯವೂ ಸಿಗುವುದಿಲ್ಲ ಅಂತ ನಾನು ಕೇಳಿದ್ದು. ತೆಗೆದುಕೊಂಡರೆ ಪಬ್ಲಿಕ್ ಚಾರ್ಜ್, ಅಂದರೆ ಸರ್ಕಾರಕ್ಕೆ ಹೊರೆ, ಅಂತ ಬರೆದುಕೊಳ್ಳುತ್ತಾರೆ. ಈಗಿನ ಕಾಲದಲ್ಲಿ ನಾಲ್ಕು ನೂರು ಡಾಲರ್ ಆಸೆಗೆ ಯಾಕೆ ಈ ತಲೆನೋವು? ಕ್ರೆಡಿಟ್ ಕಾರ್ಡ್‌ನಲ್ಲಿ ಒಂದು ಟ್ಯಾಂಕ್ ತುಂಬಿಸಿಕೊಂಡು ಬಿಡಿ.

ಕೊಡಚಾದ್ರಿ77

ಐದು ವರ್ಷದ ಮಾತು ಅರ್ಧ ಸರಿ, ಅದಕ್ಕೇ ಅದು ಜಾಸ್ತಿ ಹಾಳು ಮಾಡುತ್ತದೆ. ಸ್ವಲ್ಪ ಉದ್ದ ಬರೆಯುತ್ತೇನೆ, ಈ ಪ್ರಶ್ನೆ ಪ್ರತಿ ಚಳಿಗಾಲವೂ ಬರುತ್ತದೆ.

1996ರ ವೆಲ್‌ಫೇರ್ ಕಾನೂನು ಎರಡು ಪಟ್ಟಿ ಮಾಡಿತು. ಒಂದು, ಫೆಡರಲ್ ಪಬ್ಲಿಕ್ ಬೆನಿಫಿಟ್. ಇದಕ್ಕೆ ಸಿಟಿಜನ್ ಆಗಿರಬೇಕು, ಇಲ್ಲವೇ ಗ್ರೀನ್ ಕಾರ್ಡ್, ರೆಫ್ಯೂಜಿ, ಅಸೈಲಂ ಇತ್ಯಾದಿ ಇರಬೇಕು. ಇನ್ನೊಂದು, ಅದರೊಳಗಿನ ಚಿಕ್ಕ ಪಟ್ಟಿ: ಫುಡ್ ಸ್ಟಾಂಪ್, ಮೆಡಿಕೇಡ್ (ಕಮ್ಮಿ ಆದಾಯದವರ ಆರೋಗ್ಯ ವಿಮೆ), ಎಸ್‌ಎಸ್‌ಐ (ಕಮ್ಮಿ ಆದಾಯದ ವೃದ್ಧರಿಗೆ, ಅಂಗವಿಕಲರಿಗೆ ಕೊಡುವ ನಗದು) ಥರದ್ದು. ಗ್ರೀನ್ ಕಾರ್ಡ್‌ನವರು ಐದು ವರ್ಷ ಕಾಯಬೇಕು ಅನ್ನುವುದು ಈ ಎರಡನೇ ಪಟ್ಟಿಗೆ. ಲೈಹೀಪ್ ಇರುವುದು ಮೊದಲನೆಯದರಲ್ಲಿ ಮಾತ್ರ. ಆದ್ದರಿಂದ ಗ್ರೀನ್ ಕಾರ್ಡ್ ಬಂದು ಎರಡು ವರ್ಷ ಆಗಿರಲಿ, ಎರಡು ತಿಂಗಳಾಗಿರಲಿ, ಅರ್ಜಿ ಹಾಕಬಹುದು.

ಎಚ್1ಬಿ, ಎಚ್4, ಎಫ್1, ಎಲ್1 ಥರದ ತಾತ್ಕಾಲಿಕ ವೀಸಾ ಇರುವವರು ತಮ್ಮ ಹೆಸರಿನಲ್ಲಿ ಇದಕ್ಕೆ ಅರ್ಹರಲ್ಲ. ಆದರೆ ಅದೇ ಮನೆಯಲ್ಲಿ ಇಲ್ಲಿ ಹುಟ್ಟಿದ ಮಗು ಇದ್ದರೆ ಬಹಳ ರಾಜ್ಯಗಳು ಆ ಮಗುವಿನ ಲೆಕ್ಕದಲ್ಲಿ ಅರ್ಜಿ ತೆಗೆದುಕೊಳ್ಳುತ್ತವೆ. ಅರ್ಹರಲ್ಲದವರನ್ನು ತಲೆ ಲೆಕ್ಕದಿಂದ ಬಿಡುತ್ತಾರೆ, ಅವರ ಆದಾಯವನ್ನು ಮಾತ್ರ ಸೇರಿಸಬಹುದು. ಇದು ರಾಜ್ಯದಿಂದ ರಾಜ್ಯಕ್ಕೆ ಬೇರೆ. ಏಜೆನ್ಸಿಯನ್ನೇ ಕೇಳಿ. ವಿಸಿಟರ್ ವೀಸಾದಲ್ಲಿ ಆರು ತಿಂಗಳಿಗೆ ಬಂದ ಅಪ್ಪ ಅಮ್ಮನನ್ನು ಅರ್ಹರ ಪಟ್ಟಿಯಲ್ಲಿ ಬರೆಯಬೇಡಿ.

ಪಬ್ಲಿಕ್ ಚಾರ್ಜ್ ಪರೀಕ್ಷೆ ಮುಖ್ಯವಾಗಿ ಗ್ರೀನ್ ಕಾರ್ಡ್ ಕೊಡುವಾಗ ಮಾಡುವುದು. ಗ್ರೀನ್ ಕಾರ್ಡ್‌ನಿಂದ ಸಿಟಿಜನ್ ಆಗುವಾಗ ಆ ಪರೀಕ್ಷೆ ಇಲ್ಲ. 2022ರ ನಿಯಮದಲ್ಲಿ ಲೆಕ್ಕಕ್ಕೆ ಬರುವುದು ಜೀವನಕ್ಕೆಂದು ಕೊಡುವ ನಗದು ಸಹಾಯ ಮತ್ತು ಸರ್ಕಾರದ ಖರ್ಚಿನಲ್ಲಿ ಬಹುಕಾಲ ಸಂಸ್ಥೆಯಲ್ಲಿ ಇರುವುದು, ಅಷ್ಟೇ. ಹೀಟಿಂಗ್ ಸಹಾಯ ಅದರಲ್ಲಿಲ್ಲ. ಒಂದು ಎಚ್ಚರ: ಆ 2022ರ ನಿಯಮವನ್ನೇ ತೆಗೆಯುವ ಪ್ರಸ್ತಾವವನ್ನು ಸರ್ಕಾರ 2025ರ ನವೆಂಬರ್‌ನಲ್ಲಿ ಹೊರಡಿಸಿದೆ. ಗ್ರೀನ್ ಕಾರ್ಡ್ ಇನ್ನೂ ಬರಬೇಕಾದವರು ಮನೆಯಲ್ಲಿದ್ದರೆ ಮೊದಲು ಇಮಿಗ್ರೇಷನ್ ವಕೀಲರನ್ನು ಕೇಳಿ. ನಿಮ್ಮ ಮನೆಯಲ್ಲಿ ಎಲ್ಲರ ಕೈಗೂ ಕಾರ್ಡ್ ಬಂದಿದೆ, ಹಾಗಾಗಿ ಅಷ್ಟು ಭಯ ಬೇಡ.

ಭಾವನವರು ಸಹಿ ಹಾಕಿದ್ದು ಐ-864, ಅಂದರೆ ಕರೆಸಿಕೊಂಡವರ ಖರ್ಚಿಗೆ ನಾನು ಹೊಣೆ ಅನ್ನುವ ಸ್ಪಾನ್ಸರ್ ಪತ್ರ. ಅದರಲ್ಲಿ ಸ್ಪಾನ್ಸರ್ ವಾಪಸ್ ಕಟ್ಟಬೇಕಾದದ್ದು ನಾನು ಹೇಳಿದ ಎರಡನೇ ಪಟ್ಟಿಯಂಥ ಬೆನಿಫಿಟ್‌ಗಳಿಗೆ. ಲೈಹೀಪ್ ಆ ಫೆಡರಲ್ ಪಟ್ಟಿಯಲ್ಲಿ ಇಲ್ಲ.

ಪಿಟ್ಸ್‌ಬರ್ಗ್_ಪಾಟೀಲ

ಬಾಸ್ಟನ್ ಅಣ್ಣ ಹೇಳಿದ 90 ಸಾವಿರ ಓದಿ ನಮ್ಮ ಪೆನ್ಸಿಲ್ವೇನಿಯಾದವರು ಓಡಿಹೋಗಿ ಅರ್ಜಿ ಹಾಕಬೇಡಿ ಮತ್ತೆ. ಇಲ್ಲಿ ಮಿತಿ ಬಡತನ ರೇಖೆಯ 150 ಪರ್ಸೆಂಟ್. 2025ರ ಲೆಕ್ಕದಲ್ಲಿ ನಾಲ್ಕು ಜನಕ್ಕೆ 48,225 ಡಾಲರ್, ಐದು ಜನಕ್ಕೆ 56,475. ಒಂದೇ ಯೋಜನೆ, ನಡುವೆ ಎರಡು ರಾಜ್ಯದ ಗಡಿ ದಾಟಿದರೆ ಮಿತಿ ಅರ್ಧ. ಕೇಂದ್ರದ ಕಾನೂನು ಮೇಲಿನ ಗೆರೆ ಹಾಕಿದೆ: ಬಡತನ ರೇಖೆಯ 150 ಪರ್ಸೆಂಟ್ ಅಥವಾ ಮೀಡಿಯನ್‌ನ 60 ಪರ್ಸೆಂಟ್, ಯಾವುದು ಜಾಸ್ತಿಯೋ ಅದು. ಕೆಳಗೆ ಆ ರೇಖೆಯ 110 ಪರ್ಸೆಂಟ್‌ಗಿಂತ ಇಳಿಸುವ ಹಾಗಿಲ್ಲ. ನಡುವೆ ರಾಜ್ಯದ ಇಷ್ಟ.

ಇಲ್ಲಿ ಕಾಂಪಸ್ ಅನ್ನುವ ಸೈಟ್‌ನಲ್ಲಿ ಹಾಕುವುದು. ಕ್ಯಾಶ್ ಗ್ರಾಂಟ್ ಬೇರೆ, ಕ್ರೈಸಿಸ್ ಗ್ರಾಂಟ್ ಬೇರೆ. ಹೆಸರು ಕ್ಯಾಶ್ ಅಂತ ಇದ್ದರೂ ಸಾಮಾನ್ಯವಾಗಿ ಹೋಗುವುದು ಗ್ಯಾಸ್ ಕಂಪನಿಗೇ. ನಮ್ಮ ಮಾವನವರ ಅರ್ಜಿಯನ್ನು ಒಂದು ಕಚೇರಿಯವರು ಬಿಲ್ಲಿನ ಎರಡನೇ ಪುಟ ಇಲ್ಲ ಅಂತ ವಾಪಸ್ ಕಳಿಸಿದರು. ಆ ಪುಟದಲ್ಲಿ ಇದ್ದದ್ದು ಬರೀ ಜಾಹೀರಾತು ರೀ! ಆದರೂ ಪೂರ್ತಿ ಬಿಲ್ ಸ್ಕ್ಯಾನ್ ಮಾಡಿ ಹಾಕಿ, ಖಾಲಿ ಪುಟ ಇದ್ದರೆ ಅದನ್ನೂ ಹಾಕಿ. ಬಿಲ್ ಯಾರ ಹೆಸರಿನಲ್ಲಿದೆ ಅಂತಲೂ ನೋಡಿ. ಮಗನ ಹೆಸರಿನಲ್ಲಿ ಬಿಲ್ಲು, ಅಪ್ಪನ ಹೆಸರಿನಲ್ಲಿ ಅರ್ಜಿ ಅಂದರೆ ಪ್ರಶ್ನೆ ಬರುತ್ತದೆ.

ಮಲೆನಾಡಿನ_ಮಗಳು

ಕೊಡಚಾದ್ರಿ ಸರ್, ತುಂಬ ಥ್ಯಾಂಕ್ಸ್. ಅತ್ತೆಯವರಿಗೆ ಓದಿ ಹೇಳಿದೆ, ಭಾವನ ಮಾತು ಬಂದಾಗ ಎರಡು ಸಲ ಓದಿಸಿದರು.

ಇನ್ನೊಂದು. ಅತ್ತೆಗೆ ಮಾವನವರ ಫ್ಯಾಮಿಲಿ ಪೆನ್ಷನ್ ಶಿವಮೊಗ್ಗದ ಬ್ಯಾಂಕಿಗೆ ಬರುತ್ತದೆ. ನಮ್ಮ ಹಳೆ ಮನೆಯ ಬಾಡಿಗೆಯೂ ಸ್ವಲ್ಪ ಬರುತ್ತದೆ. ಅದನ್ನು ಬರೆಯಬೇಕಾ? ಅತ್ತೆಯ ಅಡುಗೆ ಬೇರೆಯೇ, ಮಡಿ ಅಂತ. ಅವರನ್ನು ಬೇರೆ ಮನೆ ಅಂತ ತೋರಿಸಬಹುದಾ?

ಕೊಡಚಾದ್ರಿ77

ಬರೆಯಬೇಕು. ಊರಿನ ಪೆನ್ಷನ್, ಬಾಡಿಗೆ, ಎಲ್ಲವೂ ಆದಾಯವೇ. ಡಾಲರ್‌ಗೆ ತಿರುಗಿಸಿ ಬರೆಯಿರಿ, ಬ್ಯಾಂಕ್ ಸ್ಟೇಟ್‌ಮೆಂಟ್ ಇಡಿ. ರೂಪಾಯಿಯನ್ನು ಡಾಲರ್ ಮಾಡಿದರೆ ಮಿತಿ ದಾಟುವಷ್ಟು ಆಗುವುದು ಅಪರೂಪ, ಮುಚ್ಚಿಟ್ಟರೆ ಮಾತ್ರ ಸುಳ್ಳು ಹೇಳಿಕೆ ಆಗುತ್ತದೆ. ಅರ್ಜಿಯ ಕೊನೆಯಲ್ಲಿ ಎಲ್ಲವೂ ನಿಜ ಅಂತ ಸಹಿ ಹಾಕುತ್ತೀರಿ. ಇಮಿಗ್ರೇಷನ್‌ನಲ್ಲಿ ತೊಂದರೆ ತರುವುದು ಸಹಾಯ ಪಡೆದದ್ದಲ್ಲ, ಸುಳ್ಳು ಬರೆದದ್ದು.

ಮಡಿ ಅಡುಗೆ ಇವರಿಗೆ ಲೆಕ್ಕವಿಲ್ಲ. ಒಂದೇ ಬಾಯ್ಲರ್, ಒಂದೇ ಬಿಲ್ಲು ಅಂದರೆ ಒಂದೇ ಮನೆ. ಹಾಗೆ ನೋಡಿದರೆ ಅದು ನಿಮಗೆ ಒಳ್ಳೆಯದೇ. 60 ದಾಟಿದವರು, ಅಂಗವಿಕಲರು, ಆರು ವರ್ಷದ ಒಳಗಿನ ಮಕ್ಕಳು ಇರುವ ಮನೆಗಳಿಗೆ ಲೈಹೀಪ್‌ನಲ್ಲಿ ಆದ್ಯತೆ ಇದೆ. ನಿಮ್ಮಲ್ಲಿ ಅತ್ತೆಯೂ ಇದ್ದಾರೆ, ನಾಲ್ಕು ವರ್ಷದವನೂ ಇದ್ದಾನೆ.

ಮಿನ್ನೆಸೋಟ_ಮಂಜು

ಇಲ್ಲಿ ಮೈನಸ್ ಇಪ್ಪತ್ತರಲ್ಲಿ ಕೂತು ನಿಮ್ಮ ಮ್ಯಾಸಚೂಸೆಟ್ಸ್ ಚಳಿಯ ಕಥೆ ಓದುತ್ತಿದ್ದೇನೆ 😀

ಗ್ಯಾಸ್, ಕರೆಂಟ್ ಬಿಲ್ ಬಾಕಿ ಇರುವವರಿಗೆ ಒಂದು ಮಾತು. ಬಹಳ ರಾಜ್ಯಗಳಲ್ಲಿ ಚಳಿಗಾಲದಲ್ಲಿ ಕನೆಕ್ಷನ್ ಕಟ್ ಮಾಡದ ಹಾಗೆ ನಿಯಮ ಇದೆ, ಆದರೆ ಅದು ತಾನಾಗಿ ಬರುವುದಿಲ್ಲ. ಮಿನ್ನೆಸೋಟದ ಕೋಲ್ಡ್ ವೆದರ್ ರೂಲ್ ಅಕ್ಟೋಬರ್ 1ರಿಂದ ಏಪ್ರಿಲ್ 30ರವರೆಗೆ. ಕಂಪನಿಗೆ ನೀವೇ ಫೋನ್ ಮಾಡಿ, ತಿಂಗಳಿಗೆ ಇಷ್ಟು ಕಟ್ಟುತ್ತೇನೆ ಅಂತ ಒಪ್ಪಂದ ಮಾಡಿಕೊಂಡು, ಅದನ್ನು ತಪ್ಪದೆ ಕಟ್ಟಿದರೆ ಮಾತ್ರ ರಕ್ಷಣೆ. ಪತ್ರ ಬಂದಾಗ ತೆರೆಯದೆ ಫ್ರಿಡ್ಜ್ ಮೇಲೆ ಇಡುವವರು ಇದ್ದಾರೆ, ನಮ್ಮಲ್ಲಿ ಜಾಸ್ತಿ. ತೆರೆಯಿರಿ.

ಎಡಿಸನ್_ಗೌಡ

ನ್ಯೂಜೆರ್ಸಿಯಲ್ಲಿ ಈ ರಕ್ಷಣೆ ನವೆಂಬರ್ 15ರಿಂದ ಮಾರ್ಚ್ 15. ಲೈಹೀಪ್ ಅಥವಾ ಯುಎಸ್‌ಎಫ್ (ಯೂನಿವರ್ಸಲ್ ಸರ್ವಿಸ್ ಫಂಡ್, ಗ್ಯಾಸ್, ಕರೆಂಟ್ ಬಿಲ್ಲಿಗೆ ರಾಜ್ಯದ ಸಹಾಯ) ಇರುವವರಿಗೆ ಕಟ್ ಮಾಡುವುದಿಲ್ಲ. ಇಲ್ಲಿ ಎರಡಕ್ಕೂ ಒಂದೇ ಅರ್ಜಿ. ಯುಎಸ್‌ಎಫ್ ಸಿಕ್ಕಿದರೆ ಪ್ರತಿ ತಿಂಗಳ ಬಿಲ್ಲಿನಲ್ಲಿ ಕಡಿತ ಬರುತ್ತದೆ, ನನಗೆ ಕೇಳಿದರೆ ಅದೇ ದೊಡ್ಡದು.

ದುಡ್ಡಿನ ಬಗ್ಗೆಯೂ ಹೇಳಿಬಿಡುತ್ತೇನೆ. ಇದು ಹಕ್ಕಿನ ಯೋಜನೆ ಅಲ್ಲ. ಅರ್ಹತೆ ಇದ್ದವರಿಗೆಲ್ಲ ಸಿಗಲೇಬೇಕು ಅಂತಿಲ್ಲ. ಇಡೀ ದೇಶಕ್ಕೆ ವರ್ಷಕ್ಕೆ ಸುಮಾರು 4 ಬಿಲಿಯನ್ ಡಾಲರ್, ಅದು ತಲುಪುವುದು ಸುಮಾರು 60 ಲಕ್ಷ ಮನೆಗೆ. ಅರ್ಹರು ಅದಕ್ಕಿಂತ ಎಷ್ಟೋ ಪಟ್ಟು ಜಾಸ್ತಿ. ಕಳೆದ ವರ್ಷ, 2025ರ ಏಪ್ರಿಲ್‌ನಲ್ಲಿ, ವಾಷಿಂಗ್ಟನ್‌ನಲ್ಲಿ ಇದನ್ನು ನೋಡಿಕೊಳ್ಳುತ್ತಿದ್ದ ಇಡೀ ತಂಡವನ್ನೇ ಕೆಲಸದಿಂದ ತೆಗೆದರು. ಆಮೇಲಿನ ಬಜೆಟ್ ಪ್ರಸ್ತಾವದಲ್ಲಿ ಯೋಜನೆಯನ್ನೇ ನಿಲ್ಲಿಸಬೇಕು ಅಂತ ಇತ್ತು. ಅಕ್ಟೋಬರ್ 1ರಿಂದ ನವೆಂಬರ್ 12ರವರೆಗೆ ಶಟ್‌ಡೌನ್, ಬಜೆಟ್ ಪಾಸಾಗದೆ ಕೇಂದ್ರ ಸರ್ಕಾರದ ಕೆಲಸ ನಿಂತಿತ್ತು. ರಾಜ್ಯಗಳಿಗೆ ದುಡ್ಡು ಬರುವುದೇ ತಡ ಆಯಿತು, ಆಯಿಲ್ ತುಂಬಿಸುವ ಹೊತ್ತಿಗೆ ಸರಿಯಾಗಿ. ಅದಕ್ಕೇ ಬೇಗ ಹಾಕಿ ಅನ್ನುವುದು.

ಸುಮ್ನೆ_ಓದುವವನು

ಐದು ವರ್ಷದ ವಿಷಯ ಸರಿ, ಕೊಡಚಾದ್ರಿಯವರು ಬಿಡಿಸಿ ಹೇಳಿದರು. ಆದರೆ ನನ್ನ ಮನಸ್ಸಿಗೆ ಇನ್ನೂ ಒಪ್ಪುತ್ತಿಲ್ಲ. ದುಡ್ಡು ಅಷ್ಟು ಕಮ್ಮಿ ಅಂತ ನೀವೇ ಹೇಳುತ್ತೀರಿ. ಹಾಗಿದ್ದ ಮೇಲೆ ಎರಡು ಕಾರು, ಸ್ವಂತ ಮನೆ ಇರುವ ನಾವು ಸಾಲಿನಲ್ಲಿ ನಿಂತರೆ ನಿಜವಾಗಿ ಇಲ್ಲದವರ ಪಾಲು ಹೋಗುವುದಿಲ್ವಾ? ಕನ್ನಡ ಕೂಟದಲ್ಲಿ ಗೊತ್ತಾದರೆ ಏನಂದಾರು ಅನ್ನುವುದೂ ಇದೆ.

ಅಜ್ಜಿಮನೆ_ಆನ್‌ಆರ್ಬರ್

ಕೂಟದವರು ಬಂದು ನಿಮ್ಮ ಟ್ಯಾಂಕ್ ತುಂಬಿಸುತ್ತಾರಾ ಸರ್?

ನಿಮ್ಮ ಮೊದಲ ಪ್ರಶ್ನೆ ಮಾತ್ರ ಸರಿಯಾಗಿದೆ, ಅದಕ್ಕೆ ಉತ್ತರ ಕೊಡಬೇಕು. ಊರಲ್ಲಿ 2023ರಲ್ಲಿ ಗೃಹಜ್ಯೋತಿ ಬಂತು, 200 ಯೂನಿಟ್‌ವರೆಗೆ ಬಿಲ್ ಇಲ್ಲ. ನಮ್ಮ ಅಣ್ಣನ ಮನೆಯಲ್ಲಿ ಎರಡು ಎಸಿ ಇದೆ, ಆದರೂ ಸೇವಾ ಸಿಂಧುವಿನಲ್ಲಿ ಅರ್ಜಿ ಹಾಕಿದ. ಯಾರೂ ನಾಚಿಕೆಪಡಲಿಲ್ಲ. ಆದರೆ ಅಲ್ಲಿ ಆದಾಯದ ಮಿತಿಯೇ ಇರಲಿಲ್ಲ. ಒಬ್ಬರು ಹಾಕಿದರೆ ಇನ್ನೊಬ್ಬರಿಗೆ ಇಲ್ಲ ಅಂತಿರಲಿಲ್ಲ. ಇಲ್ಲಿ ಹಾಗಲ್ಲ, ಗಂಟು ಇಷ್ಟೇ. ಅದಕ್ಕೇ ಇಲ್ಲಿ ಆದಾಯ ನೋಡುತ್ತಾರೆ, ಆದ್ಯತೆ ನೋಡುತ್ತಾರೆ, ಕಮ್ಮಿ ಆದಾಯ ಇದ್ದವರಿಗೆ ಜಾಸ್ತಿ ಕೊಡುತ್ತಾರೆ. ಯಾರಿಗೆ ಎಷ್ಟು ಅನ್ನುವ ಲೆಕ್ಕ ಅವರು ಮಾಡಲಿ. ಸಂಬಳ ನಿಂತ ಮನೆಗೆ ಎರಡು ಕಾರು ಇದ್ದರೆ ಕಾರನ್ನು ಬಾಯ್ಲರ್‌ಗೆ ಹಾಕಲಿಕ್ಕೆ ಆಗುತ್ತದಾ? ಕೆಲಸ ಸಿಕ್ಕಿದ ವರ್ಷ ಹಾಕಬೇಡಿ, ಅಷ್ಟೇ.

ಕ್ರೆಡಿಟ್ ಕಾರ್ಡ್ ಸಲಹೆ ನನಗೆ ಕೋಪ ತರಿಸಿತು, ಹೇಳಿಬಿಡುತ್ತೇನೆ. ಇಪ್ಪತ್ತು ಚಿಲ್ಲರೆ ಪರ್ಸೆಂಟ್ ಬಡ್ಡಿಗೆ ಆಯಿಲ್ ಸುಡುವುದು ಯಾವ ಮಾನ?

ಮಿಚಿಗನ್‌ನವರಿಗೆ: ಇಲ್ಲಿ ಹೋಮ್ ಹೀಟಿಂಗ್ ಕ್ರೆಡಿಟ್ ಅಂತ ಬೇರೆ ದಾರಿಯೂ ಇದೆ. ದುಡ್ಡು ಲೈಹೀಪ್‌ನದೇ, ಅರ್ಜಿ ಮಾತ್ರ ಟ್ಯಾಕ್ಸ್ ಫಾರ್ಮ್ ಥರ, ಎಂಐ-1040ಸಿಆರ್-7. ಟ್ಯಾಕ್ಸ್ ರಿಟರ್ನ್ ಹಾಕುವ ಅಗತ್ಯ ಇಲ್ಲದವರೂ ಇದನ್ನು ಹಾಕಬಹುದು. ಕೊನೆ ದಿನ ಸೆಪ್ಟೆಂಬರ್ 30.

ಬೆಣ್ಣೆದೋಸೆ_ಬಾಸ್ಟನ್

ಅಕ್ಕ, ಮಂಜು ಹೇಳಿದ ಕಟ್ ಮಾಡದ ನಿಯಮ ಇಲ್ಲೂ ಇದೆ, ನವೆಂಬರ್ 15ರಿಂದ ಮಾರ್ಚ್ 15, ಕಷ್ಟ ಇದೆ ಅಂತ ಕಂಪನಿಗೆ ಫಾರ್ಮ್ ಕೊಟ್ಟವರಿಗೆ. ಆದರೆ ಅದು ಗ್ಯಾಸ್ ಮತ್ತು ಕರೆಂಟ್ ಕಂಪನಿಗೆ. ಆಯಿಲ್ ಡೀಲರ್‌ಗೆ ಅಂಥ ನಿಯಮ ಇಲ್ಲ, ದುಡ್ಡು ಕೊಡದಿದ್ದರೆ ಲಾರಿ ಬರುವುದಿಲ್ಲ, ಅಷ್ಟೇ. ಆಯಿಲ್ ಮನೆಗೂ ಕರೆಂಟ್ ಬೇಕು, ಬರ್ನರ್ ಓಡುವುದೇ ಅದರಿಂದ. ಹಾಗಾಗಿ ಆ ಫಾರ್ಮನ್ನೂ ಕೊಡಿ. ಫ್ಯೂಯೆಲ್ ಅಸಿಸ್ಟೆನ್ಸ್ ಸಿಕ್ಕಿತು ಅಂದರೆ ಕರೆಂಟ್ ಬಿಲ್ಲಿಗೂ ಡಿಸ್ಕೌಂಟ್ ರೇಟ್ ಸಿಗುತ್ತದೆ. ಅದು ವರ್ಷವಿಡೀ ಬರುವ ಲಾಭ, ಯಾರೂ ಹೇಳುವುದಿಲ್ಲ.

ಟ್ಯಾಂಕ್ ಈಗ ಎಷ್ಟಿದೆ? ಕಾಲು ಭಾಗಕ್ಕೆ ಬಂದಿದ್ದರೆ ಏಜೆನ್ಸಿಗೆ ಫೋನ್ ಮಾಡಿ ಎಮರ್ಜೆನ್ಸಿ ಅಂತ ಹೇಳಿ. ಸುಮ್ನೆ ಆನ್‌ಲೈನ್‌ನಲ್ಲಿ ಹಾಕಿ ಕೂರಬೇಡಿ. ಕ್ರೈಸಿಸ್ ಅಂತ ಒಪ್ಪಿದರೆ 48 ಗಂಟೆಯೊಳಗೆ ಏನಾದರೂ ವ್ಯವಸ್ಥೆ ಮಾಡಬೇಕು ಅಂತ ಫೆಡರಲ್ ಕಾನೂನೇ ಹೇಳುತ್ತದೆ, ಜೀವಕ್ಕೆ ಅಪಾಯ ಇದ್ದರೆ 18 ಗಂಟೆ. ಪೂರ್ತಿ ಖಾಲಿ ಆಗಲು ಬಿಡಬೇಡಿ. ಖಾಲಿ ಆದರೆ ಲೈನಿಗೆ ಗಾಳಿ ತುಂಬಿಕೊಳ್ಳುತ್ತದೆ, ಮತ್ತೆ ಶುರು ಮಾಡಲು ಟೆಕ್ನಿಷಿಯನ್ ಬರಬೇಕು, ಅವನ ಫೀಸು ಬೇರೆ. ತೀರಾ ತುರ್ತು ಅಂದರೆ ಪೆಟ್ರೋಲ್ ಬಂಕ್‌ನಿಂದ ಹಳದಿ ಕ್ಯಾನ್‌ನಲ್ಲಿ ಐದು ಗ್ಯಾಲನ್ ಡೀಸೆಲ್ ತಂದು ಟ್ಯಾಂಕಿಗೆ ಹಾಕಿದರೂ ಬರ್ನರ್ ಓಡುತ್ತದೆ, ಇಲ್ಲಿನವರು ಮಾಡುತ್ತಾರೆ. ಪೆಟ್ರೋಲ್ ಮಾತ್ರ ಯಾವ ಕಾರಣಕ್ಕೂ ಹಾಕಬೇಡಿ.

ಮತ್ತೆ, ಅತ್ತೆಯವರು ಅಡುಗೆ ಮನೆ ಓವನ್ ಹಚ್ಚಿ ಬಾಗಿಲು ತೆಗೆದು ಕೂರುತ್ತಾರೆ ಅಂದರೆ ಬಿಡಿಸಿ. ನಮ್ಮ ಅಮ್ಮನೂ ಹಾಗೇ ಮಾಡುತ್ತಿದ್ದರು. ಗ್ಯಾಸ್ ಓವನ್ ಆದರೆ ಕಾರ್ಬನ್ ಮೊನಾಕ್ಸೈಡ್.

ಪಿಟ್ಸ್‌ಬರ್ಗ್_ಪಾಟೀಲ

ಓವನ್ ಮಾತು ನೂರಕ್ಕೆ ನೂರು ಖರೆ. ಸ್ಪೇಸ್ ಹೀಟರನ್ನು ಎಕ್ಸ್‌ಟೆನ್ಶನ್ ಕಾರ್ಡ್‌ಗೆ ಹಾಕಬೇಡಿ, ಗೋಡೆಯ ಪ್ಲಗ್‌ಗೇ ಹಾಕಿ.

ಮಲೆನಾಡಿನ_ಮಗಳು

ಅಪ್‌ಡೇಟ್. ಆನ್‌ಲೈನ್ ಅರ್ಜಿ ಹಾಕಿ, ಮರುದಿನ ಏಜೆನ್ಸಿಗೆ ಫೋನೂ ಮಾಡಿದೆ. ಟ್ಯಾಂಕ್ ಕಾಲು ಭಾಗದ ಹತ್ತಿರ ಅಂದಿದ್ದಕ್ಕೆ ಫೋಟೋ ಕಳಿಸಿ ಅಂದರು. ಕೇಳಿದ ಕಾಗದ: ಎಲ್ಲರ ಸೋಶಿಯಲ್ ಸೆಕ್ಯೂರಿಟಿ ನಂಬರ್, ದೊಡ್ಡವರ ಫೋಟೋ ಐಡಿ ಮತ್ತು ಗ್ರೀನ್ ಕಾರ್ಡ್, ನನ್ನ ನಾಲ್ಕು ವಾರದ ಪೇ ಸ್ಟಬ್, ಯಜಮಾನರ ಅನ್‌ಎಂಪ್ಲಾಯ್‌ಮೆಂಟ್ ಪತ್ರ, ಮನೆಯ ಪ್ರಾಪರ್ಟಿ ಟ್ಯಾಕ್ಸ್ ಬಿಲ್, ಕರೆಂಟ್ ಬಿಲ್, ಆಯಿಲ್ ಡೀಲರ್‌ನ ಕೊನೆಯ ರಸೀದಿ. ಅತ್ತೆಯ ಪೆನ್ಷನ್‌ಗೆ ಕನ್ನಡದ ಪಾಸ್‌ಬುಕ್ ಪುಟ ಕಳಿಸಿದ್ದೆ, ಇಂಗ್ಲಿಷ್‌ನಲ್ಲಿ ಬೇಕು ಅಂದರು. ಬ್ಯಾಂಕಿನ ಸೈಟ್‌ನಿಂದ ಇಂಗ್ಲಿಷ್ ಸ್ಟೇಟ್‌ಮೆಂಟ್ ತೆಗೆದು ಹಾಕಿದೆ. ನಮ್ಮ ಡೀಲರ್ ಅವರ ಪಟ್ಟಿಯಲ್ಲಿ ಇಲ್ಲ! ಅವರು ಹೇಳಿದ ಬೇರೆ ಡೀಲರ್‌ಗೆ ಹೆಸರು ಬರೆಸಿದ್ದೇನೆ. ಪೂರ್ತಿ ನಿರ್ಧಾರ ಇನ್ನೂ ಬರಬೇಕು, ಆದರೆ ತುರ್ತಿಗೆ ಅಂತ ಸ್ವಲ್ಪ ಆಯಿಲ್ ಹಾಕಿಸಿದರು.

ಫೋನ್‌ನಲ್ಲಿದ್ದಾಕೆ ಇನ್ನೊಂದು ವಿಷಯ ಹೇಳಿದಳು, ಬಾಯ್ಲರ್ ಎಷ್ಟು ಹಳೇದು ಅಂತ ಕೇಳಿ. ಅದರ ರಿಪೇರಿಗೂ ಯೋಜನೆ ಇದೆಯಂತೆ, ಹೌದಾ?

ಬೆಣ್ಣೆದೋಸೆ_ಬಾಸ್ಟನ್

ಹೌದು, ಹಾರ್ಟ್‌ವ್ಯಾಪ್ ಅಂತ. ಸ್ವಂತ ಮನೆಯವರಿಗೆ ಬಾಯ್ಲರ್ ರಿಪೇರಿ, ತೀರಾ ಕೆಟ್ಟಿದ್ದರೆ ಬದಲಿಸಲೂ ಕೊಡುತ್ತಾರೆ. ವೆದರೈಸೇಷನ್‌ಗೂ ಅದೇ ಏಜೆನ್ಸಿಯಲ್ಲಿ ಹೆಸರು ಬರೆಸಿ: ಅಟ್ಟಕ್ಕೆ ಇನ್ಸುಲೇಷನ್, ಬಿರುಕು ಮುಚ್ಚುವುದು. ಹಳೆ ಮನೆಗೆ ನನ್ನ ಪ್ರಕಾರ ಅದು ಆಯಿಲ್ ದುಡ್ಡಿಗಿಂತ ದೊಡ್ಡದು. ಸಾಲು ಉದ್ದ ಇರುತ್ತದೆ, ಹೆಸರು ಇರಲಿ.

ಆದಾಯ ಸ್ವಲ್ಪ ಜಾಸ್ತಿಯಾಗಿ ಅರ್ಜಿ ಬಿದ್ದುಹೋದವರು ಗುಡ್ ನೇಬರ್ ಎನರ್ಜಿ ಫಂಡ್ ನೋಡಿ. ಸಾಲ್ವೇಷನ್ ಆರ್ಮಿ ನಡೆಸುವುದು, ಮಿತಿಗಿಂತ ಸ್ವಲ್ಪ ಮೇಲಿರುವವರಿಗೆಂದೇ ಇದೆ. ಅರ್ಜಿ ತಿರಸ್ಕಾರವಾದರೆ ಮೇಲ್ಮನವಿಗೂ ಅವಕಾಶ ಇದೆ, ಪತ್ರದಲ್ಲಿ ಕೊನೆ ದಿನ ಬರೆದಿರುತ್ತದೆ.

ಎಡಿಸನ್_ಗೌಡ

ಇದಕ್ಕೆಲ್ಲ ಫೀಸು ಇಲ್ಲ ಅಂತ ಸೇರಿಸಿ. ನಮ್ಮ ವಾಟ್ಸಾಪ್ ಗುಂಪಿನಲ್ಲಿ "ಐವತ್ತು ಡಾಲರ್ ಕೊಟ್ಟರೆ ಹೀಟಿಂಗ್ ಗ್ರಾಂಟ್ ಗ್ಯಾರಂಟಿ" ಅನ್ನುವ ಲಿಂಕ್ ಓಡಾಡುತ್ತಿದೆ. ಸೋಶಿಯಲ್ ಸೆಕ್ಯೂರಿಟಿ ನಂಬರ್ ಕೇಳುತ್ತದೆ. ಮುಟ್ಟಬೇಡಿ.

ಸುಮ್ನೆ_ಓದುವವನು

ಮಿಚಿಗನ್ ಮೇಡಂ, ನನ್ನ ತಂಗಿ ಗ್ರ್ಯಾಂಡ್ ರ‍್ಯಾಪಿಡ್ಸ್‌ನಲ್ಲಿದ್ದಾಳೆ, ಗಂಡ ಹೆಂಡತಿ ಇಬ್ಬರಿಗೂ ಗ್ರೀನ್ ಕಾರ್ಡ್, ಅಪಾರ್ಟ್‌ಮೆಂಟ್ ಬಾಡಿಗೆಯಲ್ಲೇ ಹೀಟಿಂಗ್ ಸೇರಿದೆ. ಅವಳು ಆ ಫಾರ್ಮ್ ಹಾಕಬಹುದಾ?

ಅಜ್ಜಿಮನೆ_ಆನ್‌ಆರ್ಬರ್

ಹಾಕಬಹುದು. ಹೀಟಿಂಗ್ ಬಾಡಿಗೆಯಲ್ಲಿ ಸೇರಿದ್ದರೆ ಸ್ಟ್ಯಾಂಡರ್ಡ್ ಕ್ರೆಡಿಟ್ ಅರ್ಧ ಆಗುತ್ತದೆ, ಆದರೆ ಗ್ಯಾಸ್ ಕಂಪನಿಗೆ ಹೋಗದೆ ಅವರ ಕೈಗೇ ಬರುತ್ತದೆ. ಅವರಿಬ್ಬರಲ್ಲಿ ಯಾರಾದರೂ ಫುಲ್ ಟೈಮ್ ಸ್ಟೂಡೆಂಟ್ ಆಗಿದ್ದು ಬೇರೆಯವರ ಟ್ಯಾಕ್ಸ್‌ನಲ್ಲಿ ಡಿಪೆಂಡೆಂಟ್ ಆಗಿದ್ದರೆ ಆ ವ್ಯಕ್ತಿಗೆ ಇಲ್ಲ. ಬಾಡಿಗೆ ಕರಾರು ಮತ್ತು ಆದಾಯದ ಕಾಗದ ಹುಡುಕಿಡಲು ಹೇಳಿ.